ಸತ್ತ ರಶಿಯದವನ ಮದುವೆ ಊಟ

ಖಾನಾಪುರದಲ್ಲಿರುವ ಅವ್ವನಿಗೆ ಬೆಳಗಾವಿಯಿಂದ ಪಾರೀಸನ ನಮಸ್ಕಾರ.

ನಿನ್ನೆ ನಮ್ಮ ಸಾವಕಾರರ ಮನೆಯವರೊಂದಿಗೆ ಸಿನೆಮಾ ಡೇರೆಗೆ ಹೋಗಿದ್ದೆ. ಪರದೆಯ ಮೇಲೆ ಕಾಣುವ ರಶಿಯದ ನಟನೇ ಪರದೆಯ ಬಾಜೂ ನಿಂತು, ಹರಕು ಹಿಂದಿಯಲ್ಲಿ ಕಥೆ ಹೇಳುತ್ತಿದ್ದ. ತನ್ನ ಕಥೆಗಳನ್ನು ತಾನೇ ಬರೆದು, ಪ್ರತಿಯೊಂದರಲ್ಲೂ ಕೊನೆಗೆ ಸಾಯುತ್ತಾನಂತೆ. ಅವನ ದೇಶದಲ್ಲಿ ಅದಕ್ಕೇ ಹೆಸರುವಾಸಿಯಂತೆ. ಈ ಸಿನೆಮಾದಲ್ಲಿಯೂ ನಡುವೆ ಮದುವೆಯಾಗಿ, ಕೊನೆಗೆ ವಿಷ ಕುಡಿದು ಸತ್ತ.

ನಾಟಕದಂತೆ ಕೊನೆಗೆ ಮಂಗಳ ಹಾಡಲೆಂದು ಕಾದು ಯಾರೂ ಏಳಲಿಲ್ಲ. ಸಾವಕಾರರ ಹೆಂಡತಿ ಸುಂದರಾಬಾಯಿ, "ಹೆಣಾ ನೋಡಿ ಹೆಂಗ ಮನಿಗೆ ಹೋಗೂದ್ರಿ? ಮದುವಿ ರೀಲು ಇನ್ನೊಮ್ಮಿ ಹಾಕ್ರಿ!" ಎಂದು ಗದರಿದರು. ಡೇರೆಯವನು ಹೆದರಿ ಹಾಕಿದ. ಸತ್ತವನು ಎದ್ದು ಬಂದು ಮದುವೆಯಾದ. ಜನ ಕೈಯಲ್ಲಿದ್ದ ಚುರಮರಿಯನ್ನೇ ಅಕ್ಷತೆಯೆಂದು ಎರಚಿದರು. ಅದೆಲ್ಲ ಬಾಜೂ ನಿಂತವನ ತಲೆಯ ಮೇಲೆ ಬಿತ್ತು. ಕಥೆ ಕೆಟ್ಟಿತೆಂದು ಅವನು ಅಳತೊಡಗಿದ. "ಅಳಬ್ಯಾಡಪಾ, ಮದುವಿ ಊಟಾ ನಾಳೆ ನಮ್ಮನ್ಯಾಗ. ಹೊತ್ತು ಮುಳುಗೂದ್ರಾಗ ಬಾ" ಎಂದರು ಸುಂದರಾಬಾಯಿ.

ನನ್ನ ಕೆಮ್ಮು ವಾಸಿಯಾಗಿದೆ. ರಶಿಯದವನು ಈಗ ಪಂಕ್ತಿಯಲ್ಲಿ ಕುಳಿತಿದ್ದಾನೆ. ತುಪ್ಪ ಬಡಿಸಲು ನನ್ನನ್ನು ಕೂಗುತ್ತಿದ್ದಾರೆ. ಹೋಳಿಗೆ ತಿಂದ ಮೇಲೆ ಅವನ ಮನಸ್ಸು ಬದಲಾಗಿದೆ: ಮುಂದಿನ ಕಥೆಯಲ್ಲಿ ಎರಡು ಮದುವೆ ಇಡುತ್ತಾನಂತೆ.

ನಿನ್ನ ಪಾರೀಸ