ಹತ್ತು ಪುಟಗಳಿಂದ ನಾನು ತೆಗೆದ ಸಾಲು

ವಿದ್ಯುತ್ ಸರಬರಾಜು ಕಚೇರಿಯ ಮುಖ್ಯ ಅಧಿಕಾರಿಗಳೇ,

ಕಳೆದ ತಿಂಗಳು ಕಂಬದ ಮೇಲೆ ವಿದ್ಯುತ್ ತಗುಲಿ ಮೂರು ಬೆರಳು ಕಳೆದುಕೊಂಡ ಲೈನ್‌ಮನ್ ಬಗ್ಗೆ ನಿಮ್ಮ ತನಿಖಾ ವರದಿ ಹೀಗೆ ಹೇಳುತ್ತದೆ: ‘ಕೆಲಸಗಾರನ ನಿರ್ಲಕ್ಷ್ಯ. ಸುರಕ್ಷತಾ ಸೂಚನೆ ಕೈಪಿಡಿಯ ಏಳನೆಯ ಪುಟದಲ್ಲಿ ಸ್ಪಷ್ಟವಾಗಿದೆ.’ ಇದನ್ನೇ ಆಧರಿಸಿ ಅವರನ್ನು ಕೆಲಸದಿಂದ ತೆಗೆಯಲು ಬರುವ ಸೋಮವಾರ ವಿಚಾರಣೆ ಇಟ್ಟಿದ್ದೀರಿ. ವರದಿ ಸುಳ್ಳಲ್ಲ. ಏಳನೆಯ ಪುಟದಲ್ಲಿ ಆ ಸೂಚನೆ ಇದೆ. ಅಲ್ಲಿ ಮಾತ್ರ ಇದೆ, ಮತ್ತು ಅದಕ್ಕೆ ಕಾರಣ ನಾನು.

ನಾನು ಯಾರೆಂದು ನಿಮಗೆ ಗೊತ್ತಿರಲಾರದು. ನಿಮ್ಮ ಪ್ರಕಟಣಾ ವಿಭಾಗದಲ್ಲಿ, ಹಳೆಯ ಕಡತಗಳ ಬೀರುವಿನ ಹಿಂದಿನ ಮೇಜಿನಲ್ಲಿ ಎಂಟು ತಿಂಗಳಿಂದ ಕೂತಿದ್ದೇನೆ. ಓದಿದ್ದು ಸಾಹಿತ್ಯ, ಮಾತು ಕಡಿಮೆ. ವಿದ್ಯುತ್ತಿನ ಬಗ್ಗೆ, ನೀರು-ದೀಪದಂಥ ಸಾರ್ವಜನಿಕ ಸೇವೆಗಳ ಬಗ್ಗೆ, ಸರ್ಕಾರದ ಬಗ್ಗೆ ಮೂರು ಪುಸ್ತಕ ಬರೆದ ನಿವೃತ್ತ ಇಂಜಿನಿಯರೊಬ್ಬರನ್ನು ನೀವು ಪ್ರತಿ ಸಮಾರಂಭದಲ್ಲೂ ಹೊಗಳುತ್ತೀರಿ. ಅವರ ಪುಸ್ತಕಗಳು ನಿಮ್ಮ ಸಭಾಂಗಣದ ಗಾಜಿನ ಕಪಾಟಿನಲ್ಲಿವೆ. ಕಪಾಟಿಗೆ ಬೀಗವಿದೆ, ಬೀಗದ ಕೈ ಎಲ್ಲಿದೆಯೆಂದು ಯಾರಿಗೂ ತಿಳಿಯದು. ಓದದೆ ಗೌರವಿಸುವ ಇಷ್ಟು ಸುಲಭದ ದಾರಿಯನ್ನು ನಾನು ವಿಶ್ವವಿದ್ಯಾಲಯದಲ್ಲೂ ಕಂಡಿರಲಿಲ್ಲ.

ಅವರ ಮೊದಲ ಪುಸ್ತಕವನ್ನು ಜೇಬಿಗೆ ಹಿಡಿಸುವ ಕೈಪಿಡಿಯಾಗಿ ಕಿರಿದುಗೊಳಿಸುವುದು ನನಗೆ ಸಿಕ್ಕ ಕೆಲಸ. ಅದರಲ್ಲಿ ಹನ್ನೊಂದು ದುರಸ್ತಿಗಳ ವಿವರವಿತ್ತು. ಹನ್ನೊಂದೂ ಒಂದೇ ಸಾಲಿನಿಂದ ಶುರುವಾಗುತ್ತಿದ್ದವು: ‘ಲೈನ್ ಆಫ್ ಆಗಿದೆಯೆಂದು ನಂಬಬೇಡ. ಪರೀಕ್ಷಿಸು, ತಂತಿಯನ್ನು ನೆಲಕ್ಕೆ ಜೋಡಿಸು, ಆಮೇಲೆ ಮುಟ್ಟು.’ ಪುನರುಕ್ತಿ ದೋಷವೆಂದು ತರಗತಿಯಲ್ಲಿ ಕಲಿತಿದ್ದೆ. ಮೊದಲನೆಯದನ್ನು ಉಳಿಸಿ ಹತ್ತು ಕಡೆ ಕೆಂಪು ಗೆರೆ ಎಳೆದೆ. ಗದ್ಯ ಎಷ್ಟು ಹಗುರಾಯಿತೆಂದು ಹಿಗ್ಗಿದೆ ಕೂಡ. ಕರಡು ನೋಡಲು ಬಂದ ಲೇಖಕರು ನನ್ನ ಮೇಜಿನ ಮುಂದೆ ನಿಂತರು.

“ಯಾಕಮ್ಮಾ, ನನ್ನ ಸಾಲೆಲ್ಲ ಎಲ್ಲಿ ಹೋಯ್ತು?”

“ಒಂದೇ ಮಾತು ಮತ್ತೆ ಮತ್ತೆ ಬರ್ತಿತ್ತು ಸಾರ್...”

“ನನ್ನ ಹೆಂಡತೀನೂ ನನಗೆ ಅದನ್ನೇ ಹೇಳ್ತಾಳೆ. ಆದ್ರೆ ಲೈನ್‌ಮನ್ ಇದನ್ನ ಕಾದಂಬರಿ ಥರ ಮೊದಲಿಂದ ಓದಲ್ಲಮ್ಮ. ಇವತ್ತು ಯಾವ ಕೆಲಸವೋ ಆ ಪುಟ ತೆಗೀತಾನೆ, ಅಷ್ಟೇ. ವಾಪಸ್ ಹಾಕಮ್ಮ.”

“ತೊಂಬತ್ತಾರು ಪುಟ ದಾಟಬಾರ್ದು ಅಂದಿದ್ದಾರೆ ಸಾರ್.”

“ನಿಮ್ಮ ಸಾಹೇಬ್ರನ್ನ ಒಂದು ಮಾತು ಕೇಳಿ ಬಾ. ಎರಡು ಪುಟ ಜಾಸ್ತಿ ಆದ್ರೆ ಯಾರ ಜೇಬೂ ಹರಿಯಲ್ಲ.”

ನಿಮ್ಮ ಕೋಣೆಯ ತನಕ ಬಂದೆ. ಒಳಗೆ ನಾಲ್ಕು ಜನ ಕೂತಿದ್ದರು. ನೀವು ಫೋನಿನಲ್ಲಿ ಯಾರನ್ನೋ ಗದರುತ್ತಿದ್ದಿರಿ. ಪರದೆ ಹಿಡಿದು ಐದು ನಿಮಿಷ ನಿಂತೆ, ಮರಳಿದೆ. “ಏನಂದ್ರು?” ಎಂದರು ಅವರು. “ಆಗಲ್ಲ ಅಂದ್ರು ಸಾರ್” ಎಂದೆ. ಮಾನ್ಯರೇ, ನೀವು ಹಾಗೆ ಅಂದಿರಲಿಲ್ಲ. ನಿಮ್ಮನ್ನು ಯಾರೂ ಕೇಳಿಯೇ ಇರಲಿಲ್ಲ. ಸರ್ಕಾರದ ಬಗ್ಗೆ ಇಡೀ ಪುಸ್ತಕ ಬರೆದವರಾದ್ದರಿಂದ, ಅಧಿಕಾರಿಯೊಬ್ಬರು ‘ಆಗಲ್ಲ’ ಅಂದರೆಂಬುದನ್ನು ಅವರು ಮರುಮಾತಿಲ್ಲದೆ ನಂಬಿದರು.

ಗಾಯಗೊಂಡವರು ಹದಿನೇಳು ವರ್ಷ ಮನೆಮನೆಗೆ ಹೋಗಿ ಮೀಟರ್ ಓದಿದವರು. ಜನ ಸಾಲದೆಂದು ನೀವು ಅವರನ್ನು ಕಂಬ ಹತ್ತಿಸಿದಿರಿ. ಅವರಿಗೆ ಸಿಕ್ಕ ತರಬೇತಿ ಯಾವುದು? ಒಂದು ದಿನದ ಭಾಷಣ, ‘ಎಲ್ಲ ಇದರಲ್ಲೇ ಇದೆ’ ಎಂದು ಕೈಗಿತ್ತ ನನ್ನ ಕೈಪಿಡಿ. ಕಚೇರಿಯ ಮಾತನ್ನು ನಂಬುವುದು ಯಾವಾಗಿನಿಂದ ನಿರ್ಲಕ್ಷ್ಯವಾಯಿತು? ಆ ದಿನ ಲೈನ್ ಆಫ್ ಆಗಿದ್ದೂ ನಿಜ. ಆದರೆ ಬೀದಿಯ ಕೊನೆಯ ಗಿರಣಿಯವರು ಜನರೇಟರ್ ಹಾಕಿದರು, ಅದರ ವಿದ್ಯುತ್ ಅದೇ ತಂತಿಗೆ ಹಿಮ್ಮುಖವಾಗಿ ಹರಿಯಿತು. ತಂತಿಯನ್ನು ನೆಲಕ್ಕೆ ಜೋಡಿಸಿದ್ದರೆ ಬೆರಳುಗಳು ಉಳಿಯುತ್ತಿದ್ದವು.

ಆಸ್ಪತ್ರೆಗೆ ಹೋಗಿದ್ದೆ. “ನಲವತ್ತೊಂದನೇ ಪುಟ ಮೇಡಂ, ಕಂಬದ ಮೇಲೆ ತಂತಿ ಹಿಡಿದಿರೋ ಪಿಂಗಾಣಿ ಬದಲಾಯಿಸೋದು. ಒಂದೊಂದು ಸಾಲಿಗೂ ಬೆರಳಿಟ್ಟು ಓದ್ದೆ, ಬರೆದಿದ್ದೆಲ್ಲ ಮಾಡ್ದೆ” ಎಂದರು. ಬ್ಯಾಂಡೇಜಿನ ಕೈಯೆತ್ತಿ, “ಇನ್ಮೇಲೆ ಓದೋದು ಸ್ವಲ್ಪ ನಿಧಾನ” ಎಂದು ನಕ್ಕರು.

“ನಗ್ತೀರಲ್ಲ, ನಿಮಗೇನು ಬಂದಿದೆ!” ಎಂದು ಅವರ ಹೆಂಡತಿ ಗದರಿ, ನನ್ನತ್ತ ತಿರುಗಿದರು. “ಉಪ್ಪಿನ ಪೊಟ್ಟಣದ ಮೇಲಿರೋದನ್ನೂ ಬಿಡದೆ ಓದೋ ಮನುಷ್ಯ ಇವ್ರು. ಇವ್ರು ನೋಡ್ದೆ ಹತ್ತಿದ್ರು ಅಂತ ಬರೆದವ್ರು ಯಾರು ಮೇಡಂ?”

ನಾನು ತಂದಿದ್ದ ಹಣ್ಣನ್ನು ಕಿಟಕಿಯ ಬಳಿ ಇಟ್ಟು ಬಂದೆ. ಆ ಪುಟದಿಂದ ಸಾಲು ತೆಗೆದವಳು ನಾನೆಂದು ಹೇಳಲಿಲ್ಲ.

ನಿನ್ನೆ ಲೇಖಕರ ಮನೆಗೆ ಹೋಗಿ ಎಲ್ಲವನ್ನೂ ಒಪ್ಪಿಕೊಂಡೆ. ಅವರು, “ನನಗೆ ಹೇಳಿದ್ದಾಯ್ತಮ್ಮ. ಆಸ್ಪತ್ರೆಯಲ್ಲಿರೋರಿಗೆ ಹೇಳಿದ್ಯಾ?” ಎಂದಷ್ಟೇ ಕೇಳಿದರು.

ಆದ್ದರಿಂದ ನನ್ನ ಬೇಡಿಕೆ. ಸೋಮವಾರ ಮೊದಲು ನನ್ನ ಹೇಳಿಕೆ ದಾಖಲಿಸಿ. ‘ನಿರ್ಲಕ್ಷ್ಯ’ ಎಂಬ ಪದವನ್ನು ಅವರ ಹೆಸರಿನ ಮುಂದಿನಿಂದ ತೆಗೆದು ನನ್ನ ಹೆಸರಿನ ಮುಂದೆ ಬರೆಯಿರಿ. ಒಂದು ದಿನದ ತರಬೇತಿಗೆ ಸಹಿ ಹಾಕಿದವರಿಗೂ ಸ್ವಲ್ಪ ಉಳಿಸಿಕೊಳ್ಳಿ. ಆದರೆ ಸೋಮವಾರದವರೆಗೆ ಕಾಯಬಾರದ ಕೆಲಸವೊಂದಿದೆ. ಇನ್ನೂ ಎರಡು ಸಾವಿರ ಕೈಪಿಡಿಗಳು ಕೆಲಸಗಾರರ ಜೇಬಿನಲ್ಲಿವೆ. ಇವತ್ತೇ ವಾಪಸ್ ತರಿಸಿ.

ಈ ಪತ್ರವನ್ನು ಪತ್ರಿಕೆಗೂ ಕಳಿಸಿದ್ದೇನೆ. ಇದು ಅಚ್ಚಾಗುವ ದಿನ, ಪತ್ರಿಕೆ ಅವರ ವಾರ್ಡಿಗೆ ಬರುವ ಮುಂಚೆ ನಾನು ಅಲ್ಲಿರುತ್ತೇನೆ. ಅವರು ಇದನ್ನು ಓದಿ ತಿಳಿಯಬಾರದು, ನನ್ನ ಬಾಯಿಂದ ಕೇಳಬೇಕು.

ಇಂತಿ,
ಅಚ್ಚುಕಟ್ಟಾದ ಗದ್ಯಕ್ಕಾಗಿ ನಿಮ್ಮಿಂದಲೇ ಮೆಚ್ಚುಗೆ ಪತ್ರ ಪಡೆದ
ಕೈಪಿಡಿಯ ಭಾಷೆ ತಿದ್ದಿದವಳು