ಸಹಿ ಕೊನೆಯ ಹಾಳೆಯಲ್ಲಿದೆ

ದೊಡ್ಡ ವಿಜ್ಞಾನಿ ಎನಿಸಿಕೊಂಡಿರುವ ನನ್ನ ತಮ್ಮನಿಗೆ,

ನಿನಗೆ ಬೇಕಾದ ಸಹಿ ಕೊನೆಯ ಹಾಳೆಯಲ್ಲಿದೆ. ಜಾಣತನ ಮಾಡಿ ನೇರವಾಗಿ ಅಲ್ಲಿಗೆ ಹಾರಬೇಡ. ಸಹಿಯ ಜೊತೆ ಒಂದು ಷರತ್ತಿದೆ, ಅದು ನಡುವೆ ಎಲ್ಲೋ ಬರುತ್ತದೆ. ಸತ್ತವರ ರೂಪವನ್ನು ಜನರ ಮುಂದೆ ನಿಲ್ಲಿಸಲು ಎಲ್ಲ ಮಕ್ಕಳ ಒಪ್ಪಿಗೆ ಬೇಕಂತೆ ನಿಮ್ಮ ಸಂಸ್ಥೆಯಲ್ಲಿ. ಆ ನಿಯಮ ಇಲ್ಲದಿದ್ದರೆ ನಿನಗೊಬ್ಬಳು ಅಕ್ಕ ಇದ್ದಾಳೆಂಬುದೇ ನೆನಪಾಗುತ್ತಿರಲಿಲ್ಲ.

ಕಳೆದ ವಾರ ಪ್ರಯೋಗಾಲಯಕ್ಕೆ ಬಂದಾಗ ಬಾಗಿಲಲ್ಲೇ ನೀನು ನನ್ನ ಬಾಯಿಗೆ ಬೀಗ ಹಾಕಿದೆ. "ಅಕ್ಕ, ಅಮ್ಮನ ವಿಷಯ ಒಂದಕ್ಷರ ಮಾತಾಡ್ಬೇಡ. ನೋಡು, ಸಹಿ ಹಾಕು, ಅಷ್ಟೇ." ಯಾಕೆಂದು ನನಗೆ ಗೊತ್ತು. ನಿನ್ನ ಘನಚಿಂತನ ಶಾಸ್ತ್ರದ ಮೊದಲ ಪಾಠವನ್ನು ನೀನು ಕಲಿತದ್ದೇ ನನ್ನ ಮುಂದೆ. ಹಳೆಯ ಮನೆಯ ಬೀಗದಕೈಯನ್ನು ಮೂರು ದಿನ ಕುರ್ಚಿಯಲ್ಲಿ ಕೂತು ಯೋಚಿಸಿ, ಬರೀ ಯೋಚನೆಯಿಂದಲೇ ಗಟ್ಟಿ ಮಾಡಿ ತಂದು ತೋರಿಸಿದ್ದೆ. ಹಿತ್ತಾಳೆಯದು, ಫಳಫಳ ಹೊಳೆಯುತ್ತಿತ್ತು. "ನಮ್ಮದು ಕಬ್ಬಿಣದ್ದು ಕಣೋ" ಎಂದೆ ನಾನು. ನೀನು ಅದನ್ನು ತಿರುಗಿಸಿ ನೋಡಿ, "ಹೌದಲ್ವಾ" ಎಂದೆ. ಅಷ್ಟಕ್ಕೇ ನಿನ್ನ ಅಂಗೈಯಲ್ಲಿ ಚಿಟಿಕೆ ಬೂದಿ ಉಳಿಯಿತು. ಯೋಚಿಸಿದವನು ನಂಬಿರುವವರೆಗೆ ಮಾತ್ರ ವಸ್ತು ನಿಲ್ಲುತ್ತದೆ. ಆಮೇಲೆ ಒಂದು ವಾರ ನನ್ನ ಜೊತೆ ಮಾತು ಬಿಟ್ಟಿದ್ದೆ.

ಗಾಜಿನ ಕೋಣೆಯಲ್ಲಿ ಅಮ್ಮ ನಿಂತಿದ್ದಳು. ಹೋಗಿ ಎರಡು ವರ್ಷವಾದ ಅಮ್ಮ. ನಾನು ಒಂದು ಹೆಜ್ಜೆ ಹಿಂದೆ ಸರಿದೆ, ಸುಳ್ಳು ಹೇಳುವುದಿಲ್ಲ. ಅದೇ ಮುಖ, ಅವಳು ಕೆಲಸ ಮಾಡುತ್ತಿದ್ದ ಲಾಂಡ್ರಿಯ ಅದೇ ನೀಲಿ ಏಪ್ರನ್. ಮುಂದಿನ ಎರಡು ಜೇಬು ಚಾಚೂ ತಪ್ಪದೆ ಸರಿಯಾಗಿದ್ದವು. ಹಿಂದೆ ಹೋಗಿ ನೋಡಿದರೆ ದಾರವಿಲ್ಲ, ಗಂಟಿಲ್ಲ, ಬರೀ ನುಣ್ಣನೆಯ ಬಟ್ಟೆ. ದಿನಾ ಬೆಳಿಗ್ಗೆ ಆ ಗಂಟು ಕಟ್ಟುತ್ತಿದ್ದವಳು ನಾನು. ನೀನು ಅಮ್ಮನನ್ನು ಹಿಂದಿನಿಂದ ಯಾವತ್ತು ನೋಡಿದ್ದೀಯ? ಇಸ್ತ್ರಿಪೆಟ್ಟಿಗೆ ಸುಟ್ಟ ಕಲೆಯೂ ಮುಂಗೈ ಮೇಲೆ ಇರಲಿಲ್ಲ. ಹೆದರಬೇಡ, ಇಷ್ಟು ಓದಿದ್ದಕ್ಕೆ ಅವಳಿಗೇನೂ ಆಗುವುದಿಲ್ಲ. ನೀನು ಕಾಣದೇ ಇದ್ದದ್ದನ್ನು ಯೋಚಿಸಿಯೇ ಇಲ್ಲ, ಬೂದಿಯಾಗಲು ಅಲ್ಲೇನಿದೆ?

ಆಮೇಲೆ ಅವಳು ನನ್ನನ್ನು ನೋಡಿ ನಕ್ಕಳು. "ಹುಷಾರಾಗಿರು. ಹೊತ್ತಿಗೆ ಸರಿಯಾಗಿ ಊಟ ಮಾಡು" ಎಂದಳು. ನೀನು ಕಣ್ಣೊರೆಸಿಕೊಂಡೆ. ನಾನು ಸಹಿ ಹಾಕದೆ ಹೊರಟು ಬಂದೆ.

ಈಗ ಷರತ್ತು. ಈ ಪತ್ರ ಹಿಡಿದು ಗಾಜಿನ ಕೋಣೆಯೊಳಗೆ ಹೋಗು. ಅವಳ ಕೈ ಹಿಡಿದುಕೋ. ಬೆಚ್ಚಗಿದೆ, ನಾನೂ ಮುಟ್ಟಿ ನೋಡಿದ್ದೇನೆ. ಆಮೇಲೆ ಮುಂದೆ ಓದು.

ಅಪ್ಪ ಆಸ್ಪತ್ರೆಯಲ್ಲಿದ್ದ ಹದಿನೇಳು ದಿನಗಳಲ್ಲಿ ನಿನಗೆ ಮೂರು ಸಲ ಫೋನ್ ಮಾಡಿದೆವು. "ಯೋಚನೆ ಅರ್ಧದಲ್ಲಿದೆ, ಬಿಟ್ಟು ಬಂದ್ರೆ ಎಲ್ಲಾ ಹಾಳಾಗುತ್ತೆ" ಎಂದೆ ನೀನು. ಯೋಚನೆಯಿಂದ ಒಂದು ಚಮಚ ಮಾಡುತ್ತಿದ್ದೆಯಂತೆ. ಅಪ್ಪ ಹೋದ ಮೇಲೆ ಒಂದು ದಿನ ಅಮ್ಮ ಅಂಗಿಯ ಕಾಲರಿಗೆ ಇಸ್ತ್ರಿ ಹಾಕುತ್ತ, ತಲೆ ಎತ್ತದೆ ಹೇಳಿದಳು: "ಅವನಿಗೆ ಯೋಚ್ನೆ ಮಾಡೋಕೆ ಪುರುಸೊತ್ತಿದೆ, ಬರೋಕಿಲ್ಲ. ಇನ್ಮೇಲೆ ಅವನ ಹೆಸರು ಈ ಮನೇಲಿ ಎತ್ಬೇಡ." ಆರು ವರ್ಷ, ಸಾಯುವವರೆಗೆ, ಅವಳೂ ಎತ್ತಲಿಲ್ಲ.

ಹಾಗಾದರೆ ಆ ಪತ್ರಗಳು? ಅಮ್ಮನಿಗೆ ಅಕ್ಷರ ಕಾಣುವಷ್ಟು ಕಣ್ಣಿಲ್ಲ, ಅವಳು ಹೇಳಿದ್ದನ್ನು ಅಕ್ಕ ಬರೆಯುತ್ತಾಳೆ ಎಂದು ನೀನು ನಂಬಿದ್ದ, ತಿಂಗಳಿಗೊಂದರಂತೆ ಬಂದ ಪತ್ರಗಳು? ಅವಳು ಒಂದು ಪದವನ್ನೂ ಹೇಳಲಿಲ್ಲ. ಅವಳು ಕೆಲಸಕ್ಕೆ ಹೋದ ಮೇಲೆ ಅಡುಗೆಮನೆಯ ಮೇಜಿನ ಮುಂದೆ ಕೂತು ನಾನೇ ಬರೆದೆ. ಹುಷಾರಾಗಿರು ಎಂದದ್ದೂ ನಾನೇ, ಊಟ ಮಾಡು ಎಂದದ್ದೂ ನಾನೇ. ನೀನು ಕುಗ್ಗಿಹೋಗಬಾರದೆಂದು ಶುರುಮಾಡಿದ್ದು, ಆಮೇಲೆ ಬಿಡಲಾಗಲಿಲ್ಲ. ಅವಳು ತೀರಿಹೋದ ದಿನ ನೀನು ಬಂದು ಅತ್ತಾಗಲೂ ಹೇಳಲಿಲ್ಲ. ಅಷ್ಟೊಂದು ಒಳ್ಳೆಯ ಮಾತು ಎಲ್ಲಿಂದ ತಂದೆ ಎಂದು ಕೇಳುತ್ತೀಯಾ? ಅಮ್ಮ ನನಗೆ ಹೇಳಲಿ ಎಂದು ಕಾದಿದ್ದ ಮಾತುಗಳವು. ನನಗೆ ಅವಳು ಹೇಳುತ್ತಿದ್ದದ್ದು, "ಇನ್ನೂ ಇಲ್ಲೇ ನಿಂತಿದ್ಯಾ?"

ನಿನ್ನನ್ನು ಕಂಡರೆ ನನಗೆ ಹೊಟ್ಟೆ ಉರಿಯುತ್ತದೆ. ನಾನು ಬರೆದ ಸುಳ್ಳನ್ನು ಓದಿ ನೀನು ಒಬ್ಬ ಅಮ್ಮನನ್ನೇ ಮಾಡಿಕೊಂಡೆ. ಅಷ್ಟು ವರ್ಷ ಗಂಟು ಕಟ್ಟಿದ ನನಗೆ ಅವಳು ಸಿಗಲಿಲ್ಲ. ಆ ಗಾಜಿನ ಕೋಣೆಯಲ್ಲಿ ಅವಳು ಊಟ ಮಾಡು ಎಂದಾಗ, ಬರೆದವಳು ನಾನೇ ಎಂದು ಗೊತ್ತಿದ್ದೂ, "ಆಯ್ತಮ್ಮ" ಎಂದುಬಿಟ್ಟೆ ನಾನು. ಅದಕ್ಕಾಗಿ ನಿನ್ನನ್ನೂ ಕ್ಷಮಿಸಲಾರೆ, ನನ್ನನ್ನೂ. ಜನ ಸಾಲಾಗಿ ನಿಂತು ಎಂಥ ಒಳ್ಳೆಯ ತಾಯಿ ಎನ್ನುವುದನ್ನು ಕೇಳಲಾರೆ. ನಮ್ಮಮ್ಮ ಮುಂಗೋಪಿ, ಹಟಮಾರಿ, ನಿನ್ನನ್ನು ಕ್ಷಮಿಸದೆ ಹೋದವಳು. ಅವಳ ಕೋಪವನ್ನಾದರೂ ಅವಳಿಗೆ ಬಿಡು.

ಬೇಕಾದರೆ ಮತ್ತೆ ಕುರ್ಚಿಯಲ್ಲಿ ಕೂತು ಅವಳನ್ನು ಯೋಚಿಸು. ಈ ಸಲ ನಿನಗೆ ಬೆನ್ನು ತಿರುಗಿಸಿ ನಿಂತಿರುತ್ತಾಳೆ. ಆಗಲಾದರೂ ಆ ಗಂಟು ನೋಡುತ್ತೀಯ.

ಇಷ್ಟು ಹೊತ್ತಿಗೆ ನಿನ್ನ ಕೈಯಲ್ಲಿ ಹಿಡಿಯಲು ಏನೂ ಉಳಿದಿರುವುದಿಲ್ಲ. ನೆಲದ ಮೇಲಿನ ಬೂದಿಯನ್ನು ನೀನೇ ಗುಡಿಸು, ಬೇರೆಯವರಿಗೆ ಹೇಳಬೇಡ. ಒಪ್ಪಿಗೆ ಪತ್ರ ಇದರ ಹಿಂದೆಯೇ ಇದೆ, ಸಹಿ ಹಾಕಿದ್ದೇನೆ. ಮಾತಿಗೆ ತಪ್ಪುವವಳಲ್ಲ ನಾನು.

ಹುಷಾರಾಗಿರು. ಹೊತ್ತಿಗೆ ಸರಿಯಾಗಿ ಊಟ ಮಾಡು.

ಇಷ್ಟು ವರ್ಷವೂ ನಿನಗೆ ಪತ್ರ ಬರೆದ
ನಿನ್ನ ಅಕ್ಕ