ಕಪ್ಪುಗುಡ್ಡೆಯ ಮೇಲಿನ ಬಿಳಿ ಚುಕ್ಕೆ

ಮಾರ್ಚ್ 4, ಬೆಳಗ್ಗೆ

ಮತ್ತೆ ಮಸುಕು. ತೆಗೆದ ಫೋಟೋ ಎಲ್ಲವೂ ದಂಡ. ಫೋನಿನ ಈ ಕ್ಯಾಮೆರಾ ಆ್ಯಪ್ ರೆಪ್ಪೆಗೂದಲನ್ನು ಹಿಡಿಯುತ್ತದೆ, ಕಣ್ಣನ್ನು ಬಿಡುತ್ತದೆ. ಒಂದೊಂದು ಕೂದಲೂ ತಂತಿಯ ಹಾಗೆ ಸ್ಪಷ್ಟ. ಹಿಂದಿನ ಕಪ್ಪುಗುಡ್ಡೆ ಮಾತ್ರ ಮಂಜು. ಡಾಕ್ಟರಮ್ಮನಿಗೆ ಬೇಕಾದದ್ದು ಆ ಗುಡ್ಡೆ, ಅದರ ಮೇಲಿನ ಬಿಳಿ ಚುಕ್ಕೆ.

ಕಳೆದ ವಾರ ನರ್ಸರಿಯಲ್ಲಿ ಕುಂಡ ಎತ್ತುವಾಗ ಎಲೆಯ ತುದಿ ನನ್ನ ಹೆಂಡತಿಯ ಎಡಗಣ್ಣಿಗೆ ಚುಚ್ಚಿತ್ತು. ನೀರು ಚಿಮುಕಿಸಿಕೊಂಡು ಮತ್ತೆ ಕೆಲಸಕ್ಕಿಳಿದಳು. ಯಾವತ್ತೂ ಹಾಗೇ. ಕಣ್ಣು ಕೆಂಡವಾದ ಮೇಲೆ ಹೊರಟೆವು. ಫಂಗಸ್ ಎಂದರು. ಆಸ್ಪತ್ರೆಗೆ ಎರಡು ಬಸ್ಸು ಬದಲಾಯಿಸಬೇಕು. ಹಾಗಾಗಿ ವಾರಕ್ಕೊಮ್ಮೆ ಹೋಗುವುದು, ಗಂಟೆಗೊಮ್ಮೆ ಡ್ರಾಪ್ಸ್, ದಿನಾ ಬೆಳಗ್ಗೆ ಕಣ್ಣಿನ ಹತ್ತಿರದ ಫೋಟೋ ಕಳಿಸುವುದು. ಚುಕ್ಕೆ ಹಿಗ್ಗಿದರೆ ಅವತ್ತೇ ಬರಬೇಕಂತೆ.

ಬಾಮೈದನಿಗೆ ಫೋನ್ ಮಾಡಿದೆ. ಮೊಬೈಲ್ ಅಂಗಡಿಯವನು, ಆ್ಯಪ್ ಹಾಕಿಕೊಟ್ಟವನೂ ಅವನೇ. ಮೊದಲು ಲೆನ್ಸಿನ ಜಿಡ್ಡು ಒರೆಸಲು ಹೇಳಿದ. ಆಮೇಲೆ — "ಭಾವ, ಮೂಗು ತಾಗೋ ಹಾಗೆ ಹೋಗ್ಬೇಡಿ. ನಾಲ್ಕು ಬೆರಳು ಹಿಂದೆ ಬಂದು ಕಪ್ಪಿನ ಮೇಲೆ ಬೆರಳು ಒತ್ತಿ ಹಿಡೀರಿ."

ಒತ್ತಿ ಹಿಡಿದೆ. ಪುಟ್ಟ ಬೀಗದ ಗುರುತು ಬಂತು. ಕಣ್ಣು ಸಿಕ್ಕಿತು.

ಮಾರ್ಚ್ 5

ಫೋಕಸ್ ಸರಿ, ಕೈ ಸರಿಯಿಲ್ಲ. ದಿನವಿಡೀ ವ್ಯಾನಿನ ಸ್ಟೀರಿಂಗ್ ಹಿಡಿಯುವ ಕೈ ಫೋನ್ ಹಿಡಿದರೆ ನಡುಗುತ್ತದೆ. ದಿಂಬಿನ ಮೇಲೆ ದಿಂಬು ಪೇರಿಸಿ ಮೊಣಕೈ ಊರಿದೆ. ಟೈಮರ್ ಇಟ್ಟೆ. ಇವಳು ಎರಡು ಬೆರಳಲ್ಲಿ ರೆಪ್ಪೆ ಬಿಡಿಸಿ ಹಿಡಿದಳು. ನೀರು ಸುರಿಯುತ್ತಿತ್ತು.

ಮದುವೆ ಫೋಟೋಗೂ ಯಾರೂ ಇಷ್ಟು ಹೊತ್ತು ಕೂರಿಸಿರಲಿಲ್ಲ ಎಂದಳು. ನಕ್ಕೆವು. ನಕ್ಕಿದ್ದಕ್ಕೆ ಇನ್ನೊಂದು ಫೋಟೋ ಅಲುಗಿತು.

ಮಾರ್ಚ್ 6

ಇವತ್ತು ಹೊಸ ತಕರಾರು. ಕಿಟಕಿಯ ಬೆಳಕು ಕಣ್ಣಲ್ಲಿ ಬಿಳಿ ಚೌಕವಾಗಿ ಕೂತಿದೆ, ಅದೂ ಸರಿಯಾಗಿ ಚುಕ್ಕೆಯ ಪಕ್ಕದಲ್ಲಿ. ಯಾವುದು ಬೆಳಕು, ಯಾವುದು ಹುಣ್ಣು ಗೊತ್ತಾಗುತ್ತಿಲ್ಲ, ಬೇರೆ ಕಳಿಸಿ ಎಂದು ಡಾಕ್ಟರಮ್ಮನ ಮೆಸೇಜ್. ಪರದೆ ಎಳೆದರೆ ಕತ್ತಲು. ಫ್ಲ್ಯಾಷ್ ಹಾಕಿದರೆ ಇವಳು ಚೀರುತ್ತಾಳೆ.

ಆ್ಯಪ್‌ನಲ್ಲೇ 'ಸಾಮಾನ್ಯ ತೊಂದರೆಗಳು' ಅಂತ ಒಂದು ಪುಟವಿದೆ. ಹೊಳಪು ಬೀಳುತ್ತಿದ್ದರೆ 'ಗ್ಲೇರ್ ತೆಗೆ' ಆನ್ ಮಾಡಿ ಎಂದಿತ್ತು. ಮಾಡಿದೆ. ಕಿಟಕಿ ಮಾಯ! ಕಣ್ಣು ಕನ್ನಡಿಯಂತೆ ಬಂತು. ಕಳಿಸಿದೆ. ಇಷ್ಟು ದಿನ ಸುಮ್ಮನೆ ಒದ್ದಾಡಿದೆ.

ಮಾರ್ಚ್ 7

ಚುಕ್ಕೆ ಚೆನ್ನಾಗಿ ಇಳಿದಿದೆಯಂತೆ. ಡ್ರಾಪ್ಸ್ ಇನ್ನು ಎರಡು ಗಂಟೆಗೊಮ್ಮೆ ಸಾಕಂತೆ. ಎದೆಯ ಮೇಲಿನ ಕಲ್ಲು ಇಳಿದ ಹಾಗಾಯಿತು. ಇವಳು ಮಾತ್ರ ಸಪ್ಪಗಿದ್ದಳು. ನೋವು ಹೆಚ್ಚಾಗಿದೆ ಎಂದಳು. ಮಾಯುವ ಗಾಯ ನೋಯುತ್ತದೆ ಎಂದೆ. ನನಗೇನು ಗೊತ್ತು... ಆದರೂ ಹೇಳಿದೆ.

ಮಾರ್ಚ್ 8

ಫೋಟೋದಲ್ಲಿ ಚುಕ್ಕೆ ಇನ್ನಷ್ಟು ಚಿಕ್ಕದಾಗಿದೆ. ಇವಳು ಊಟ ಮುಟ್ಟಲಿಲ್ಲ. ಗೋಡೆಗೆ ಮುಖ ಮಾಡಿ ಮಲಗಿದ್ದಳು. ಬೆಳಕು ಸೂಜಿಯ ಹಾಗೆ ಚುಚ್ಚುತ್ತದೆ ಎಂದಳು. ಧೈರ್ಯ ಬರಲಿ ಅಂತ ಫೋನನ್ನು ಅವಳ ಮುಂದೆ ಹಿಡಿದೆ — ನೋಡು, ಎಷ್ಟು ವಾಸಿಯಾಗಿದೆ.

ಫೋನ್ ಸರಿಸಿದಳು. "ನೋವು ಅಂದ್ರೆ ಫೋಟೋ ತೋರಿಸ್ತೀರಲ್ಲ. ಕಣ್ಣಿರೋದು ನನ್ನ ಮುಖದಲ್ಲಿ."

ಟಾರ್ಚ್ ತಂದೆ. ಅವಳ ಪಕ್ಕ ಕೂತು, ರೆಪ್ಪೆ ಬಿಡಿಸಿ, ನನ್ನ ಕಣ್ಣಿಂದಲೇ ನೋಡಿದೆ.

ಎಳ್ಳಿನಷ್ಟಿದ್ದದ್ದು ಅಕ್ಕಿಕಾಳಿನಷ್ಟಾಗಿದೆ.

'ಗ್ಲೇರ್ ತೆಗೆ' ಆಫ್ ಮಾಡಿ ಒಂದು ಫೋಟೋ, ಆನ್ ಮಾಡಿ ಒಂದು. ಒಂದರಲ್ಲಿ ಇಡೀ ಚುಕ್ಕೆ. ಇನ್ನೊಂದರಲ್ಲಿ ಇಷ್ಟೇ ಇಷ್ಟು. ಬಿಳಿ ಕಂಡರೆ ಹೊಳಪು ಅಂದುಕೊಂಡು ಅಳಿಸುತ್ತದೆ ಅದು. ಕಿಟಕಿಯೂ ಒಂದೇ, ಹುಣ್ಣೂ ಒಂದೇ ಅದಕ್ಕೆ.

ಎರಡನ್ನೂ ಕಳಿಸಿದೆ. ತಕ್ಷಣ ಫೋನ್ ಬಂತು. ಹೊರಡಿ ಎಂದರು. ಇದನ್ನು ಬಸ್ಸಿನಲ್ಲಿ ಬರೆಯುತ್ತಿದ್ದೇನೆ. ನನ್ನ ಭುಜಕ್ಕೆ ಒರಗಿದ್ದಾಳೆ. ಒಂದು ಮಾತೂ ಬಯ್ದಿಲ್ಲ. ಬಯ್ದಿದ್ದರೆ...

ಮಾರ್ಚ್ 10, ಆಸ್ಪತ್ರೆ

ಹುಣ್ಣನ್ನು ಕೆರೆದು ತೆಗೆದಿದ್ದಾರೆ. ಕಣ್ಣೊಳಗೇ ಸೂಜಿ ಕೊಟ್ಟಿದ್ದಾರೆ. ಸೂಜಿ ಕೊಡುವಾಗ ನನ್ನನ್ನು ಹೊರಗೆ ಕಳಿಸಿದರು. ಹೊರಗಿದ್ದರೂ ಕೇಳಿಸಿತು.

ಎಲ್ಲ ಮುಗಿಸಿ ಬಂದ ಡಾಕ್ಟರಮ್ಮ ಬೆಂಚಿನ ಮೇಲೆ ನನ್ನ ಪಕ್ಕದಲ್ಲೇ ಕೂತರು. ಆ್ಯಪ್ ವಿಷಯ ಪೂರ್ತಿ ಹೇಳಿದೆ. ಕೇಳಿಸಿಕೊಂಡರು.

"ಫೋಟೋ ನೋಡಿ ಔಷಧಿ ಕಡಿಮೆ ಮಾಡಿದ್ದು ನಾನು," ಎಂದರು. "ನೋವು ಹೇಗಿದೆ ಅಂತ ಅವರನ್ನ ನಾನೂ ಒಂದ್ಸಲ ಕೇಳ್ಬೇಕಿತ್ತು."

ಕಣ್ಣು ಉಳಿಯುತ್ತಾ ಎಂದು ಕೇಳಿದೆ. ಕಣ್ಣು ಉಳಿಯಬಹುದು, ನೋಟದ ಬಗ್ಗೆ ಈಗಲೇ ಹೇಳಲಾಗದು ಎಂದರು.

ಮಾರ್ಚ್ 29

ಮನೆಗೆ ಬಂದು ನಾಲ್ಕು ದಿನ. ಬರೆಯಲು ಮನಸ್ಸಾಗಿರಲಿಲ್ಲ.

ಫಂಗಸ್ ಸತ್ತಿದೆ. ಕಣ್ಣು ಉಳಿದಿದೆ. ಕಪ್ಪಿನ ನಟ್ಟನಡುವೆ ಬಿಳಿ ಕಲೆ. ಎಡಗಣ್ಣಿಗೆ ಬೆಳಕು ತಿಳಿಯುತ್ತದೆ, ಎದುರು ಯಾರೋ ನಿಂತಿದ್ದು ತಿಳಿಯುತ್ತದೆ, ಯಾರೆಂದು ತಿಳಿಯುವುದಿಲ್ಲ. ಮುಂದೆ ದಾನಿಯ ಕಣ್ಣು ಸಿಕ್ಕರೆ ಕಸಿ ಮಾಡಬಹುದಂತೆ.

ಬಾಮೈದ ಬಂದಿದ್ದ. ಬಾಗಿಲಲ್ಲೇ ನಿಂತಿದ್ದ. ಅಕ್ಕನ ಮುಖ ನೋಡುವ ಧೈರ್ಯವಿರಲಿಲ್ಲ ಪಾಪ. ಇವಳೇ ಕೈಹಿಡಿದು ಒಳಗೆ ಕರೆತಂದಳು. ಆ ಗುಂಡಿ ಒತ್ತಿದ್ದು ಅವನಲ್ಲ, ನಾನು.

ಏಪ್ರಿಲ್ 6, ಬೆಳಗ್ಗೆ

ನಾಳೆಯಿಂದ ನರ್ಸರಿಗೆ ಹೋಗುತ್ತಾಳಂತೆ. ಎಲೆ ತಾಗದಂತೆ ಕನ್ನಡಕ ಹಾಕಿಕೊಂಡೇ ಕೆಲಸ ಮಾಡುವುದಾಗಿ ಮಾತು ಕೊಟ್ಟಿದ್ದಾಳೆ.

ತಿಂಡಿಯಾದ ಮೇಲೆ ತಾನಾಗಿ ಬಂದು ಕಿಟಕಿಯ ಹತ್ತಿರ ಕೂತಳು. ಒಂದು ಫೋಟೋ ತೆಗೀರಿ ಎಂದಳು. ಇಷ್ಟು ದಿನ ಕನ್ನಡಿಯನ್ನೂ ನೋಡಿರಲಿಲ್ಲ. ಯಾಕೆ ಈಗ ಎಂದೆ. "ಏನನ್ನೂ ಅಳಿಸದೆ ತೆಗೀರಿ. ನಾನು ನೋಡ್ಬೇಕು."

ಎಲ್ಲವನ್ನೂ ಆಫ್ ಮಾಡಿ ತೆಗೆದೆ. ಕೈ ನಡುಗಲಿಲ್ಲ. ಬಲಗಣ್ಣಿನ ಹತ್ತಿರ ಫೋನ್ ಹಿಡಿದು ಬಹಳ ಹೊತ್ತು ನೋಡಿದಳು. ಅಳುತ್ತಾಳೆ ಎಂದುಕೊಂಡೆ.

"ಇಷ್ಟೇನಾ?" ಎಂದಳು. "ಒಳಗಿಂದ ಇದಕ್ಕಿಂತ ತುಂಬಾ ದೊಡ್ಡದು."

ಎಷ್ಟು ದೊಡ್ಡದು, ಹೇಗಿರುತ್ತದೆ ಎಂದು ಕೇಳಿದೆ. ಇಷ್ಟು ದಿನದಲ್ಲಿ ಇದೇ ಮೊದಲು ಕೇಳಿದ್ದು. ಈಗ ಹೇಳತೊಡಗಿದ್ದಾಳೆ, ಮೆಲ್ಲಗೆ, ಮಾತು ಹುಡುಕಿ ಹುಡುಕಿ. ಬರೆಯುತ್ತ ಕೂತರೆ ಅರ್ಧ ಕೇಳಿ ಅರ್ಧ ಬಿಟ್ಟ ಹಾಗಾಗುತ್ತದೆ. ಪೆನ್ನು ಕೆಳಗಿಡುತ್ತೇನೆ.